ಒಂದೇ ಕೂಗಿಗೆ ಕೋಟೆ ಬೀಳಬೇಕಾ?

ನಮಸ್ಕಾರ್ರಿ. ನಿಮ್ಮ ಕತೆಯ ಲೋಕದಲ್ಲಿ ಎಲ್ಲವೂ ಕಂಪನದಿಂದಲೇ ಆಗಿದೆ, ಎಲ್ಲಕ್ಕೂ ಮೂಲ ನಾದ ಒಂದೇ, ಮಂತ್ರ ಅಂದರೆ ಆ ಕಂಪನ ಬದಲಿಸುವ ದನಿ, ಹಾಗಿದ್ದರೆ ಮಂತ್ರಗಾರ ಬೀದರ್ ಕೋಟೆಯನ್ನು ಒಂದೇ ಕೂಗಿಗೆ ಯಾಕೆ ಕೆಡವಬಾರದು ಅಂತ ಕೇಳಿದ್ದೀರಿ. ಕೆಡವಿದರೆ ಕತೆ ಅಲ್ಲೇ ಮುಗೀತು, ಅಲ್ವಾ?

ನಾನು ಕಲಬುರಗಿಯವನು, ಹಾಗಾಗಿ ನೆಲಕ್ಕೆ ಹಾಸುವ ಫರಸಿ ಕಲ್ಲಿನ ಮಾತೇ ಬರುತ್ತದೆ. ಶಹಾಬಾದ್ ಕಲ್ಲು ಕೊಳ್ಳುವಾಗ ತಟ್ಟಿ ನೋಡಿ. ಗಟ್ಟಿ ಕಲ್ಲು ಠಣ್ ಅನ್ನುತ್ತದೆ, ಒಳಗೆ ಸೀಳಿದ್ದರೆ ಡಬ್ ಅಂತ ಸುಮ್ಮನಾಗುತ್ತದೆ. ಒಂದೊಂದು ವಸ್ತುವಿಗೂ ಅದರ ಅಳತೆ, ದಪ್ಪ, ಬಿಗಿತಕ್ಕೆ ತಕ್ಕ ದನಿ ಇರುತ್ತದೆ. ಮಂತ್ರ ಆ ದನಿಗೆ ಕೂಡಿದರೆ ಮಾತ್ರ ಕೆಲಸ ಮಾಡಲಿ. ಪಂಚಮಿ ಜೋಕಾಲಿ ನೋಡಿ, ಸರಿಯಾದ ಹೊತ್ತಿಗೆ ಸಣ್ಣಗೆ ನೂಕಿದರೂ ಮೇಲೇರುತ್ತಾ ಹೋಗುತ್ತದೆ, ಹೊತ್ತು ತಪ್ಪಿದರೆ ಎಷ್ಟು ಜೋರು ನೂಕಿದರೂ ಇದ್ದ ಓಟವೂ ಹೋಗುತ್ತದೆ.

ಕೋಟೆಗೆ ಒಂದೇ ದನಿ ಎಲ್ಲಿದೆ? ಸಾವಿರಾರು ಕಲ್ಲು, ನಡುವೆ ಗಾರೆ, ಹಿಂದೆ ಮಣ್ಣು, ಎಲ್ಲ ಸೇರಿ ಕಂಪನವನ್ನು ನುಂಗಿಬಿಡುತ್ತವೆ. ಬಿದರಿ ಹೂಜಿ ಹಾಗಲ್ಲ. ಸತು ಜಾಸ್ತಿ, ತಾಮ್ರ ಸ್ವಲ್ಪ, ಒಂದೇ ಎರಕ. ಅದನ್ನು ನಿಮ್ಮವನು ಆರಾಮಾಗಿ ಎತ್ತಲಿ.

ಇನ್ನೊಂದು, ದನಿ ಹುಡುಕೋದಕ್ಕೂ ಕಷ್ಟ ಇಡಿ. 1787ರಲ್ಲಿ ಜರ್ಮನಿಯ ವಿಜ್ಞಾನಿ ಕ್ಲಾಡ್ನಿ, ಲೋಹದ ತಗಡಿನ ಮೇಲೆ ಮರಳು ಉದುರಿಸಿ ಅಂಚಿಗೆ ಪಿಟೀಲಿನ ಕಮಾನು ಎಳೆದಾಗ ಬರುವ ಚಿತ್ತಾರಗಳನ್ನು ಪ್ರಕಟಿಸಿದ. ಅಲುಗದ ಜಾಗದಲ್ಲೇ ಮರಳು ಗೆರೆಯಾಗಿ ನಿಲ್ಲುತ್ತದೆ. ನಿಮ್ಮ ಮಂತ್ರಗಾರನೂ ಮೊದಲು ಮರಳು ಉದುರಿಸಿ, ಗೆರೆ ಓದಿ ದನಿ ಹುಡುಕಲಿ, ಅಷ್ಟರಲ್ಲಿ ಕಾವಲುಗಾರ ಬಂದೇ ಬರುತ್ತಾನೆ.

ಎಲ್ಲಕ್ಕೂ ಒಂದೇ ಮೂಲ ನಾದ ಅನ್ನೋ ಸೂತ್ರ ಮಾತ್ರ ತೆಗೆದುಬಿಡಿ. ನಿಮ್ಮ ತಲೆನೋವಿಗೆ ಅದೇ ಕಾರಣ.