ಮಗಳಿಗೆ ದೆವ್ವ ಬೇಕು, ಅಪ್ಪನಿಗೆ ಚರಿತ್ರೆ ಬೇಕು

ಬರೀ ‘ಒಂದು ಒಳ್ಳೆ ಪುಸ್ತಕ ಹೇಳಿ’ ಅಂತ ಬರೆದವರ ಪತ್ರಗಳನ್ನು ಈ ಸಲ ಬದಿಗಿಟ್ಟಿದ್ದೇನೆ, ಬೇಜಾರು ಮಾಡಿಕೊಳ್ಳಬೇಡಿ. ಯಾರು ಓದುತ್ತಾರೆ, ಯಾವ ಹೊತ್ತಿನಲ್ಲಿ ಓದುತ್ತಾರೆ ಅಂತ ಗೊತ್ತಿಲ್ಲದೆ ಹೇಳುವುದು ಅಳತೆ ತೆಗೆಯದೆ ಅಂಗಿ ಹೊಲಿದ ಹಾಗೆ. ವಿವರ ಬರೆದವರಿಗೆ ಉತ್ತರ ಇಲ್ಲಿದೆ.

ಪ್ರಶ್ನೆ: ಮಗಳಿಗೆ ಹದಿಮೂರು ವರ್ಷ. ದೆವ್ವದ ಕಥೆ ಬಿಟ್ಟು ಬೇರೆ ಪುಸ್ತಕ ಮುಟ್ಟುವುದಿಲ್ಲ. ರಾತ್ರಿ ಬಚ್ಚಲಿಗೆ ಒಬ್ಬಳೇ ಹೋಗಲು ಹೆದರುತ್ತಾಳೆ, ಆದರೂ ಅದೇ ಬೇಕು. ಬಿಡಿಸುವುದು ಹೇಗೆ?
ಒಬ್ಬ ತಾಯಿ, ಕಾರವಾರ

ಬಿಡಿಸಬೇಡಿ ಅಕ್ಕಾ. ಬಚ್ಚಲಿನ ದೀಪ ಉರಿಯಲಿ, ಅಷ್ಟೇ. ಹೆದರಿಕೊಂಡೂ ಪುಟ ತಿರುಗಿಸುವವಳನ್ನು ಓದಿನಿಂದ ತಪ್ಪಿಸಿದರೆ ಅವಳು ಸೀದಾ ಮೊಬೈಲಿಗೆ ಹೋಗುತ್ತಾಳೆ. ಬೇತಾಳನ ಕಥೆ ಕೊಡಿ. ಪುಟ್ಟ ಮಕ್ಕಳ ಬಣ್ಣದ ಪುಸ್ತಕ ಮಾತ್ರ ಬೇಡ, ಹದಿಮೂರಕ್ಕೆ ಅದು ಅವಮಾನ. ಇಪ್ಪತ್ತೈದೂ ಕಥೆ ಇರುವುದನ್ನೇ ಹುಡುಕಿ. 11ನೇ ಶತಮಾನದ ಸೋಮದೇವನ ಕಥಾಸರಿತ್ಸಾಗರದಲ್ಲೇ ಇವು ಇವೆ. ಸ್ಮಶಾನ, ಮರದಿಂದ ಇಳಿಸಿದ ಹೆಣ, ಅದು ರಾಜನ ಹೆಗಲ ಮೇಲೆ ಕೂತು ಮಾತಾಡುವುದು, ಇನ್ನೇನು ಬೇಕು? ಅದರಲ್ಲಿ ಒಂದು ಕಥೆ: ದೇವಿಯ ಗುಡಿಯಲ್ಲಿ ಒಬ್ಬಳ ಗಂಡ, ಅಣ್ಣ ಇಬ್ಬರೂ ತಲೆ ಕಡಿದುಕೊಂಡು ಬಿದ್ದಿದ್ದಾರೆ. ದೇವಿ ವರ ಕೊಡುತ್ತಾಳೆ, ಇವಳು ಗಡಿಬಿಡಿಯಲ್ಲಿ ತಲೆಗಳನ್ನು ಅದಲುಬದಲು ಜೋಡಿಸಿಬಿಡುತ್ತಾಳೆ. ಈಗ ಗಂಡ ಯಾರು? ಊಟಕ್ಕೆ ಕೂತಾಗ ಮಗಳನ್ನೇ ಕೇಳಿ ನೋಡಿ. ಶಿರಸಿಯಲ್ಲಿ ಬಾಲ್ಯ ಕಳೆದ ಗಿರೀಶ ಕಾರ್ನಾಡರ ‘ಹಯವದನ’ ಇದೇ ಎಳೆಯ ನಾಟಕ, ಅಲ್ಲಿ ಅಣ್ಣನ ಜಾಗದಲ್ಲಿ ಗೆಳೆಯ ಇದ್ದಾನೆ. ಎರಡು ಮೂರು ವರ್ಷ ಬಿಟ್ಟು ಅದನ್ನೂ ಕೊಡಬಹುದು.

ಇಂಗ್ಲಿಷ್ ಓದುತ್ತಾಳಾದರೆ ಡಬ್ಲ್ಯು.ಡಬ್ಲ್ಯು. ಜೇಕಬ್ಸ್ 1902ರಲ್ಲಿ ಬರೆದ ‘ದಿ ಮಂಕೀಸ್ ಪಾ’. ಒಣಗಿದ ಮಂಗನ ಪಂಜ, ಮೂರು ವರ, ಕೊನೆಗೆ ನಡುರಾತ್ರಿ ಬಾಗಿಲು ಬಡಿಯುವ ಸದ್ದು. ಹೊರಗೆ ನಿಂತದ್ದನ್ನು ನಮಗೆ ತೋರಿಸುವುದೇ ಇಲ್ಲ. ರಕ್ತ ಸುರಿಸುವ ಹತ್ತು ಪುಸ್ತಕಕ್ಕಿಂತ ಆ ಸದ್ದು ಜಾಸ್ತಿ ಹೆದರಿಸುತ್ತದೆ.

ನಮ್ಮ ಅಜ್ಜನ ಮನೆ ಹಿಂದೆ ಉಪ್ಪುನೀರು ನುಗ್ಗುವ ಗಜನಿ ಗದ್ದೆ ಇತ್ತು. ಕೆಲವು ರಾತ್ರಿ ದೂರದಲ್ಲಿ ಒಂದು ಬೆಂಕಿ ಕಾಣಿಸುತ್ತಿತ್ತು. ಹೊತ್ತುತ್ತಿತ್ತು, ನಂದುತ್ತಿತ್ತು, ಹತ್ತು ಮಾರು ಆಚೆ ಮತ್ತೆ ಹೊತ್ತುತ್ತಿತ್ತು. ಕೊಳ್ಳಿದೆವ್ವ ಅಂತ ಅಜ್ಜಿ. ಸೂಡಿ ಪಂಜು ಹಿಡಿದು ಏಡಿ ಹುಡುಕುವವರು ಅಂತ ಅಜ್ಜ. ನಾನಂತೂ ಅಜ್ಜಿಯ ಪಕ್ಷ. ನಿಮ್ಮ ಮನೆಯಲ್ಲೂ ಇಂಥ ಒಂದು ಕಥೆ ಇರುತ್ತದೆ, ಮಗಳ ಹತ್ತಿರವೇ ಬರೆಸಿ.

ಪ್ರಶ್ನೆ: ತಂದೆಯವರು ಕೆಲಸದಿಂದ ನಿವೃತ್ತರಾದರು. ನಮ್ಮ ಕಡೆಯ ಜನರ ಚರಿತ್ರೆ ಓದಬೇಕಂತೆ, ರಾಜರ ಇಸವಿ ಪಟ್ಟಿ ಬೇಡವಂತೆ.
ಅಂಕೋಲಾ

1930ರಲ್ಲಿ ಉಪ್ಪಿನ ಸತ್ಯಾಗ್ರಹ ಮಾಡಿದ ಊರಿನವರು, ರಾಜರು ಯಾಕೆ ಬೇಕು ಅಲ್ವಾ! ಶಿವರಾಮ ಕಾರಂತರ ‘ಮರಳಿ ಮಣ್ಣಿಗೆ’ಯಿಂದ ಶುರು ಮಾಡಲಿ. ಕಾದಂಬರಿ ಅಂತ ತಳ್ಳಿಹಾಕಬೇಡಿ. ಕೋಟದ ಕಡೆಯ ಕಡಲ ತೀರದ ಒಂದೇ ಮನೆಯ ಮೂರು ತಲೆಮಾರು. ಗಂಡಸರು ಪೌರೋಹಿತ್ಯ, ಓದು, ಪಟ್ಟಣ ಅಂತ ತಿರುಗುವಾಗ ಮನೆ ನಿಂತದ್ದು ಹೆಂಗಸರ ದುಡಿಮೆಯ ಮೇಲೆ. ಇದು ಚರಿತ್ರೆ ಅಲ್ಲದೆ ಇನ್ನೇನು?

ಆಮೇಲೆ ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸರ ‘ದಿ ರಿಮೆಂಬರ್ಡ್ ವಿಲೇಜ್’ (1976). ಮೈಸೂರು ಕಡೆಯ ಒಂದು ಹಳ್ಳಿಯಲ್ಲಿ ಇದ್ದು ಬಂದವರು. 1970ರಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ಯಾರೋ ಬೆಂಕಿ ಹಚ್ಚಿದಾಗ ಅವರು ಜೋಡಿಸಿಟ್ಟ ಟಿಪ್ಪಣಿಗಳ ಮೂರು ಪ್ರತಿಯೂ ಸುಟ್ಟುಹೋದವು. ಹೆಚ್ಚು ಪಾಲು ನೆನಪಿನಿಂದಲೇ ಬರೆದರು, ಹೆಸರೂ ಹಾಗೇ ಬಂತು. ಜಗಳ, ಸಾಲ, ಗೊಬ್ಬರ, ಎತ್ತು ಎಲ್ಲ ಇದೆ.

ತಾಳ್ಮೆ ಇದ್ದರೆ 1883ರ ಬಾಂಬೆ ಗೆಜೆಟಿಯರ್‌ನ 15ನೇ ಸಂಪುಟ. ಬ್ರಿಟಿಷ್ ಸರಕಾರ ಬರೆಸಿದ ಜಿಲ್ಲೆಗಳ ವಿವರದ ಪುಸ್ತಕ ಅದು. ಈ ಸಂಪುಟ ಕೆನರಾ ಅಂದರೆ ನಮ್ಮ ಉತ್ತರ ಕನ್ನಡದ್ದು, ಎರಡು ಭಾಗ, ಇಂಗ್ಲಿಷ್, ನೆಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. 1862ರಲ್ಲಿ ನಮ್ಮ ಜಿಲ್ಲೆಯನ್ನು ಮದ್ರಾಸಿನಿಂದ ತೆಗೆದು ಬಾಂಬೆಗೆ ಸೇರಿಸಿದ್ದರು, ಕಾರವಾರದ ಬಂದರಿನ ಮೇಲೆ ಹತ್ತಿ ವ್ಯಾಪಾರಿಗಳ ಕಣ್ಣು ಬಿದ್ದಿತ್ತು. ಮೊದಲಿಂದ ಓದಿದರೆ ನಿದ್ದೆ ಗ್ಯಾರಂಟಿ. ತಮ್ಮ ಊರಿನ ಹೆಸರು ಹುಡುಕಿ ಅಲ್ಲಿಂದ ಶುರು ಮಾಡಲಿ. ಕಂದಾಯ ವಸೂಲಿ ಮಾಡುವವರ ಕಣ್ಣಿನಿಂದ ಬರೆದದ್ದು, ಜಾತಿಗಳ ಬಗ್ಗೆ ಹೇಳಿದ್ದನ್ನೆಲ್ಲ ನಂಬಬಾರದು. ಆ ಪುಟಗಳನ್ನು ಓದುತ್ತಾ ನಿಮ್ಮ ಅಪ್ಪ ಸಿಟ್ಟಾದರೆ ಒಳ್ಳೆಯದೇ.

ಪ್ರಶ್ನೆ: ಅಡಿಕೆ ಸುಲಿಯುವ ರಾತ್ರಿಗಳಲ್ಲಿ ಒಬ್ಬರು ಓದಿ ಹೇಳುವುದು, ಉಳಿದವರು ಕೇಳುವುದು ಅಂತ ಮಾಡಿದ್ದೇವೆ. ಹೋದ ವರ್ಷ ತಂದ ಪುಸ್ತಕಕ್ಕೆ ಎಲ್ಲರೂ ತೂಕಡಿಸಿದರು.
ಶಿರಸಿ ಹತ್ತಿರದ ಹಳ್ಳಿ

ಮೆಟ್ಟುಗತ್ತಿ ಮುಂದೆ ತೂಕಡಿಸುವುದು ಅಪಾಯ ಮಾರಾಯ್ರೆ! ಗಟ್ಟಿಯಾಗಿ ಓದಲು ಮಾತುಕತೆ ಜಾಸ್ತಿ ಇರುವ ಪುಸ್ತಕ ಬೇಕು. ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ ತನ್ನಿ. ಮಂದಣ್ಣ, ಜೇನು, ಹಾರುವ ಓತಿ, ನಗುತ್ತಲೇ ರಾಶಿ ಖಾಲಿಯಾಗುತ್ತದೆ. ಜಗಳ ಬೇಕಾದರೆ ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’. ಚಿಕ್ಕಂದಿನಲ್ಲೇ ವಿಧವೆಯಾದ ಮಲೆನಾಡಿನ ಹೆಣ್ಣಿನ ಕಥೆ. ಓದುವವರು ನಿಲ್ಲಿಸಿದ ಮೇಲೂ ಹಳಬರು ತಮ್ಮ ಮನೆಯ ಯಾರ ಯಾರದ್ದೋ ಕಥೆ ತೆಗೆಯುತ್ತಾರೆ, ಆಗ ಪುಸ್ತಕ ಮುಚ್ಚಿಟ್ಟು ಅದನ್ನೇ ಕೇಳಿ.

ಪ್ರಶ್ನೆ: ಕುಮಟಾದಿಂದ ಹೊನ್ನಾವರಕ್ಕೆ ದಿನಾ ಬಸ್ಸು. ಓದಲು ಸಿಗುವುದು ಅಷ್ಟೇ ಹೊತ್ತು.

ಸೀಟು ಸಿಕ್ಕಿದ ದಿನ ಯಶವಂತ ಚಿತ್ತಾಲರ ಕಥೆ. ಅವರ ಹನೇಹಳ್ಳಿ ನಿಮ್ಮ ತಾಲೂಕಿನದೇ. ನಿಂತೇ ಹೋಗುವ ದಿನ ದಿನಕರ ದೇಸಾಯಿ ಚುಟುಕ. ನಾಲ್ಕೇ ಸಾಲು, ಒಂದು ಕೈಯಲ್ಲಿ ಕಂಬಿ ಹಿಡಿದೂ ಓದಬಹುದು.

ಪ್ರಶ್ನೆ: ಪ್ರತಿ ಮಳೆಗಾಲ ಪುಸ್ತಕಗಳಿಗೆ ಬೂಷ್ಟು. ಏನು ಮಾಡಲಿ?
ಭಟ್ಕಳ

ನಾನು ಒಂದು ವರ್ಷ ಬುದ್ಧಿವಂತಿಕೆ ಮಾಡಿ ಎಲ್ಲವನ್ನೂ ಪ್ಲಾಸ್ಟಿಕ್ ಚೀಲಕ್ಕೆ ತುಂಬಿ ಬಿಗಿದು ಕಟ್ಟಿದ್ದೆ. ಒಳಗಿನ ತೇವ ಒಳಗೇ ಉಳಿಯಿತು. ಚೌತಿ ಹೊತ್ತಿಗೆ ಬಿಚ್ಚಿದರೆ ಹಸಿರು ಹಸಿರು. ಹಾಗೆ ಕಟ್ಟಬೇಡಿ. ಕಪಾಟನ್ನು ಗೋಡೆಯಿಂದ ನಾಲ್ಕು ಬೆರಳು ಮುಂದೆ ಎಳೆಯಿರಿ, ಪುಸ್ತಕ ಒತ್ತೊತ್ತಾಗಿ ಇಡಬೇಡಿ, ಹೊಳವಾದ ದಿನ ಫ್ಯಾನ್ ಕೆಳಗೆ ಬಿಡಿಸಿಟ್ಟು ಒಣಬಟ್ಟೆಯಲ್ಲಿ ಒರೆಸಿ. ಬಿರುಬಿಸಿಲಿಗೆ ಬೇಡ, ರಟ್ಟು ಸೊಟ್ಟ ಆಗುತ್ತದೆ. ಒರಲೆ ಹತ್ತಿದ್ದನ್ನು ಅದೇ ದಿನ ಬೇರೆ ಮಾಡಿ.