ಜಪಾನಿ ಅಕ್ಷರ ಫೋನಿನಲ್ಲಿ ಕಲಸಿದ ಹಾಗೆ ಕಾಣುತ್ತದೆ, ಯಾವ ಫಾಂಟ್ ಹಾಕಲಿ?

ನಿಮ್ಮ ಆ್ಯಪ್‌ನಲ್ಲಿ ಇಂಗ್ಲಿಷ್ ಚೆನ್ನಾಗಿ ಕಾಣುತ್ತದೆ, ಜಪಾನಿ ಮಾತ್ರ ಮಸಿ ಮೆತ್ತಿದ ಹಾಗಿದೆ, ಬೋಲ್ಡ್ ಮಾಡಿದರೂ ಸರಿಹೋಗಲಿಲ್ಲ ಅಂತ ಬರೆದಿದ್ದೀರಿ. ಮೊದಲು ಆ ಬೋಲ್ಡ್ ತೆಗೆಯಿರಿ. ಜಪಾನಿ ಗ್ರಾಹಕರ ಆ್ಯಪ್‌ಗಳಿಗೆ ಸ್ಕ್ರೀನ್ ಡಿಸೈನ್ ಮಾಡುವುದು ನನ್ನ ಕೆಲಸ. ಈ ದೂರು ಆಗಾಗ ಬರುತ್ತದೆ.

ಕಾಂಜಿಯಲ್ಲಿ, ಅಂದರೆ ಚೀನಾದಿಂದ ಬಂದ ಜಪಾನಿ ಅಕ್ಷರಗಳಲ್ಲಿ, ಒಂದು ಪುಟ್ಟ ಚೌಕದೊಳಗೆ ಕೆಲವು ಸಲ ಇಪ್ಪತ್ತಕ್ಕೂ ಜಾಸ್ತಿ ಗೀಟು ಕೂರಬೇಕು. ಗೀಟು ದಪ್ಪವಾದಷ್ಟೂ ನಡುವಿನ ಬಿಳಿ ಜಾಗ ಮುಚ್ಚಿಹೋಗುತ್ತದೆ. ಕಣ್ಣಿಗೆ ಬೇಕಾಗಿರುವುದು ಆ ಜಾಗವೇ.

ಜಪಾನಿನ ಎಕ್ಸ್‌ಪ್ರೆಸ್‌ವೇ ಫಲಕಗಳಲ್ಲಿ ಇದಕ್ಕೊಂದು ಮಜಾ ಉಪಾಯ ಮಾಡಿದ್ದರು. 1963ರಲ್ಲಿ ಮೊದಲ ಹೆದ್ದಾರಿ ತೆರೆದಾಗಿನಿಂದ ಬಳಸಿದ ಅಕ್ಷರಗಳಲ್ಲಿ, ಕಷ್ಟದ ಕಾಂಜಿಯ ಕೆಲವು ಗೀಟುಗಳನ್ನೇ ಬಿಟ್ಟುಬಿಡುತ್ತಿದ್ದರು! ವೇಗವಾಗಿ ಹೋಗುವ ಡ್ರೈವರ್ ಗೀಟು ಎಣಿಸುವುದಿಲ್ಲ, ಅಲ್ವಾ? ಆದರೆ ಬೇಕಾದಾಗಲೆಲ್ಲ ಅಕ್ಷರ ಬರೆಸಿಕೊಳ್ಳುತ್ತಿದ್ದುದರಿಂದ ಒಂದೇ ಕಾಂಜಿ ಒಂದೊಂದು ಫಲಕದಲ್ಲಿ ಒಂದೊಂದು ಥರ ಇರುತ್ತಿತ್ತು. 2010ರಿಂದ ಹೊಸ ಫಲಕಗಳಿಗೆ ಹಿರಾಗಿನೊ ಗೋಥಿಕ್ ಅನ್ನುವ ಫಾಂಟ್ ಬಂತು. ನನಗೇನೋ ಹಳೆಯದರ ಮೇಲೇ ಪ್ರೀತಿ.

ಅಂದ ಹಾಗೆ, ಅಲ್ಲಿ ಸಾನ್ಸ್-ಸೆರಿಫ್‌ಗೆ, ಅಂದರೆ ಗೀಟಿನ ತುದಿಯಲ್ಲಿ ಅಲಂಕಾರವಿಲ್ಲದ ಅಕ್ಷರಕ್ಕೆ, ಗೋಥಿಕ್ ಅನ್ನುತ್ತಾರೆ. ಹುಡುಕುವಾಗ ಆ ಹೆಸರು ಬೇಕಾಗುತ್ತದೆ.

ನಿಮಗೆ ನನ್ನ ಸಲಹೆ ಮೊರಿಸಾವಾ ಕಂಪನಿಯ ಬಿಜ್ ಯುಡಿ ಗೋಥಿಕ್. ಗೂಗಲ್ ಫಾಂಟ್ಸ್‌ನಲ್ಲಿ ಉಚಿತ. ಯುಡಿ ಅಂದರೆ ಯೂನಿವರ್ಸಲ್ ಡಿಸೈನ್: ಕಣ್ಣು ಮಂಜಾದವರಿಗೂ ಓದಲು ಬರಬೇಕು ಅನ್ನುವ ಲೆಕ್ಕದಲ್ಲಿ ಮಾಡಿದ್ದು. ಜಪಾನಿಯಲ್ಲಿ 'ಬ'ಕ್ಕೂ 'ಪ'ಕ್ಕೂ ಅಕ್ಷರ ಒಂದೇ. ಮೂಲೆಯಲ್ಲಿ ಎರಡು ಚಿಕ್ಕ ಗೀಟಿದ್ದರೆ 'ಬ', ಪುಟ್ಟ ಸೊನ್ನೆಯಿದ್ದರೆ 'ಪ'. ಚಿಕ್ಕ ಸೈಜಿನಲ್ಲಿ ಎರಡೂ ಚುಕ್ಕೆಯಾಗಿಬಿಡುತ್ತವೆ, ನಮ್ಮ ಪ, ಷ ಗೊಂದಲದ ಹಾಗೆ. ಯುಡಿ ಫಾಂಟ್‌ಗಳಲ್ಲಿ ಆ ಗುರುತು ದೊಡ್ಡದು, ಸುತ್ತ ಜಾಗವೂ ಉಂಟು. ತೂಕಗಳ, ಅಂದರೆ ಗೀಟಿನ ದಪ್ಪದ, ಆಯ್ಕೆ ಜಾಸ್ತಿ ಬೇಕಿದ್ದರೆ 2014ರಲ್ಲಿ ಗೂಗಲ್, ಅಡೋಬಿ ಸೇರಿ ತಂದ ನೋಟೊ ಸಾನ್ಸ್ ಜಪಾನಿ ನೋಡಿ. ಅದೂ ಉಚಿತ.

ಇನ್ನೊಂದು, ಇದನ್ನು ಸುಮಾರು ಜನ ಮರೆಯುತ್ತಾರೆ. ಆ್ಯಪ್‌ನಲ್ಲಿ ಪಠ್ಯದ ಭಾಷೆ ಜಪಾನಿ ಅಂತ ಗುರುತು ಹಾಕಿ. ಎಲ್ಲ ಭಾಷೆಯ ಅಕ್ಷರಗಳಿಗೂ ಸಂಕೇತ ಕೊಡುವ ಯೂನಿಕೋಡ್‌ನಲ್ಲಿ ಚೀನಿ, ಜಪಾನಿ ಎರಡಕ್ಕೂ ಎಷ್ಟೋ ಅಕ್ಷರಗಳ ಸಂಕೇತ ಒಂದೇ. ಗುರುತಿಲ್ಲದಿದ್ದರೆ ಫೋನು ಚೀನಿ ಫಾಂಟ್ ಎತ್ತಿಕೊಳ್ಳಬಹುದು. 'ಮೂಳೆ' ಅನ್ನುವ ಕಾಂಜಿ ಹಾಕಿ ನೋಡಿ, ಆಕಾರ ಬೇರೆಯಾದದ್ದು ತಕ್ಷಣ ಗೊತ್ತಾಗುತ್ತದೆ. ಇಷ್ಟೆಲ್ಲ ಮಾಡಿದ ಮೇಲೂ ಸರಿಹೋಗದಿದ್ದರೆ ಸ್ಕ್ರೀನ್‌ಶಾಟ್ ಹಾಕಿ, ಅಕ್ಷರದ ಸೈಜೂ ಬರೆಯಿರಿ.