ಮೈದಾನವಿಲ್ಲದ ಶಾಲೆಯ ಓಟಗಾರರು

ಪ್ರಶ್ನೆ: ನನ್ನ ಅಕ್ಕನ ಕುಟುಂಬ ಈ ವರ್ಷ ನ್ಯೂಯಾರ್ಕ್ ನಗರದಲ್ಲಿ ನೆಲೆಸಿದ್ದು, ಆಕೆಯ ಮಗ ಅಲ್ಲಿನ ಪಬ್ಲಿಕ್ ಹೈಸ್ಕೂಲೊಂದರಲ್ಲಿ ಒಂಬತ್ತನೆಯ ತರಗತಿಗೆ ಸೇರಿದ್ದಾನೆ. ಶಾಲೆ ಬಹುಮಹಡಿ ಕಟ್ಟಡ, ಮೈದಾನವೆಂಬುದೇ ಇಲ್ಲ. ಆದರೂ ಅಲ್ಲಿನ ‘ಅಥ್ಲೆಟಿಕ್ಸ್’ ವಿಭಾಗದ ಓಟದ ತಂಡಕ್ಕೆ ಹೆಸರು ಕೊಟ್ಟಿದ್ದೇನೆ, ಸಂಜೆ ಶಾಲೆಯ ಕಾರಿಡಾರಿನಲ್ಲಿ ಅಭ್ಯಾಸ ಮಾಡುತ್ತೇನೆ ಎನ್ನುತ್ತಾನೆ. ಓದಿನಲ್ಲಿ ಹಿಂದೆ ಬಿದ್ದರೆ ತಂಡದಿಂದ ಕೈಬಿಡುತ್ತಾರಂತೆ. ಇದೆಲ್ಲ ನಿಜವೇ? ಇಂಥ ಶಾಲೆಯಿಂದ ಒಳ್ಳೆಯ ಓಟಗಾರ ಹೊರಬರುವುದು ಸಾಧ್ಯವೇ?

ಉತ್ತರ: ಮೊದಲು ಎರಡು ಪದಗಳ ಗೊಂದಲವನ್ನು ಬಿಡಿಸಿಕೊಳ್ಳೋಣ. ಅಮೆರಿಕದಲ್ಲಿ ‘ಪಬ್ಲಿಕ್’ ಶಾಲೆಯೆಂದರೆ ತೆರಿಗೆ ಹಣದಿಂದ ನಡೆಯುವ, ಶುಲ್ಕವಿಲ್ಲದ ಸರ್ಕಾರಿ ಶಾಲೆ. ‘ಅಥ್ಲೆಟಿಕ್ಸ್’ ಎಂದರೆ ಅಲ್ಲಿನ ಶಾಲೆಗಳಲ್ಲಿ ಫುಟ್‌ಬಾಲ್, ಬ್ಯಾಸ್ಕೆಟ್‌ಬಾಲ್, ಕುಸ್ತಿ, ಈಜು ಎಲ್ಲವನ್ನೂ ಒಳಗೊಂಡ ಕ್ರೀಡಾ ವಿಭಾಗ. ನಾವು ಅಥ್ಲೆಟಿಕ್ಸ್ ಎಂದು ಕರೆಯುವ ಓಟ, ಜಿಗಿತ, ಎಸೆತಗಳಿಗೆ ಅವರು ‘ಟ್ರ್ಯಾಕ್ ಅಂಡ್ ಫೀಲ್ಡ್’ ಎನ್ನುತ್ತಾರೆ.

ಕಾರಿಡಾರಿನ ಮಾತನ್ನು ನೀವು ನಂಬಬಹುದು. 400 ಮೀಟರಿನ ಪೂರ್ಣ ಪ್ರಮಾಣದ ಎಂಟು ಲೇನ್‌ಗಳ ಟ್ರ್ಯಾಕ್ ಸುಮಾರು 177 ಮೀಟರ್ ಉದ್ದ, 92 ಮೀಟರ್ ಅಗಲದ ಜಾಗವನ್ನು ಬೇಡುತ್ತದೆ. ದಟ್ಟ ನಗರದ ಹಳೆಯ ಶಾಲೆಗೆ ಅಷ್ಟು ನೆಲ ಎಲ್ಲಿಂದ ಬರಬೇಕು? ಆದ್ದರಿಂದ ಚಳಿಗಾಲದಲ್ಲಿ ಕಾರಿಡಾರು, ಮೆಟ್ಟಿಲು ಮತ್ತು ಜಿಮ್, ಉಳಿದ ಕಾಲದಲ್ಲಿ ನಗರದ ಉದ್ಯಾನಗಳು ಇಂಥ ತಂಡಗಳಿಗೆ ಒದಗುತ್ತವೆ. ಸ್ಪರ್ಧೆಗಳಿಗಾಗಿ ಶಾಲೆಗಳೆಲ್ಲ ಒಂದೇ ಕಡೆ ಸೇರುತ್ತವೆ: ಗುಡ್ಡಗಾಡು ಓಟಕ್ಕೆ ಬ್ರಾಂಕ್ಸ್‌ನ ವ್ಯಾನ್ ಕೋರ್ಟ್‌ಲ್ಯಾಂಡ್ ಉದ್ಯಾನ, ಚಳಿಗಾಲದ ಒಳಾಂಗಣ ಕೂಟಗಳಿಗೆ ಮ್ಯಾನ್‌ಹಟನ್‌ನ 168ನೆಯ ಬೀದಿಯ ಸಮೀಪದಲ್ಲಿರುವ ‘ಆರ್ಮರಿ’. ಈ ಆರ್ಮರಿ ಮೂಲತಃ ಸೇನಾ ಕಟ್ಟಡ. 1980ರ ದಶಕದಲ್ಲಿ ಮನೆಯಿಲ್ಲದವರ ಆಶ್ರಯತಾಣವಾಗಿದ್ದು, 1993ರಲ್ಲಿ ಮತ್ತೆ ಓಟಕ್ಕೆ ತೆರೆದುಕೊಂಡಿತು. ಇಂದು ಅಲ್ಲಿ 200 ಮೀಟರಿನ ಟ್ರ್ಯಾಕ್ ಇದೆ.

ಜಾಗವಿಲ್ಲದ ನಗರದಲ್ಲಿ ಸರ್ಕಾರಿ ಶಾಲೆಯ ಮಕ್ಕಳು ಹೇಗೆ ಆಡಬೇಕೆಂಬ ಪ್ರಶ್ನೆ ನ್ಯೂಯಾರ್ಕಿಗೆ ಹೊಸದಲ್ಲ. 1903ರಲ್ಲಿ, ನಗರದ ಶಾಲೆಗಳ ದೈಹಿಕ ಶಿಕ್ಷಣದ ಹೊಣೆ ಹೊತ್ತಿದ್ದ ಲೂಥರ್ ಗುಲಿಕ್ ಅವರ ಮುಂದಾಳತ್ವದಲ್ಲಿ ‘ಪಬ್ಲಿಕ್ ಸ್ಕೂಲ್ಸ್ ಅಥ್ಲೆಟಿಕ್ ಲೀಗ್’ ಹುಟ್ಟಿದ್ದೇ ಇದಕ್ಕಾಗಿ. ಅದೇ ವರ್ಷದ ಡಿಸೆಂಬರಿನಲ್ಲಿ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ಅದರ ಮೊದಲ ಕೂಟ ನಡೆಯಿತು. ಪ್ರತಿಭಾವಂತರ ಸ್ಪರ್ಧೆಗಳ ಜೊತೆಗೆ ಲೀಗ್ ಇನ್ನೊಂದು ಸ್ಪರ್ಧೆಯನ್ನೂ ಏರ್ಪಡಿಸಿತ್ತು: ಒಂದು ತರಗತಿಯ ಹುಡುಗರಲ್ಲಿ ಶೇಕಡಾ 80ರಷ್ಟು ಮಂದಿಯಾದರೂ ಓಡಿ, ಜಿಗಿದು, ಸರಳಿಗೆ ಜೋತು ಮೈಯೆತ್ತಬೇಕು, ಅವರೆಲ್ಲರ ಸರಾಸರಿಯೇ ಆ ತರಗತಿಯ ಸಾಧನೆ. ಒಬ್ಬ ಜಿಂಕೆಯಂತೆ ಓಡಿದರೂ ಉಳಿದವರು ಕುಳಿತೇ ಇದ್ದರೆ ತರಗತಿ ಗೆಲ್ಲುತ್ತಿರಲಿಲ್ಲ. ಶಾಲಾ ಕ್ರೀಡೆಯ ಇತಿಹಾಸದಲ್ಲಿ ಇದಕ್ಕಿಂತ ವಿವೇಕದ ಏರ್ಪಾಡನ್ನು ನಾನು ಕಂಡಿಲ್ಲ. ಮುಂದಿನವರು ಕಪ್ಪುಗಳನ್ನು ಉಳಿಸಿಕೊಂಡು ಇದನ್ನು ಮರೆತರೆಂಬುದು ನನ್ನ ತಕರಾರು. ನಿಮ್ಮ ಅಕ್ಕನ ಮಗ ಇಂದು ಓಡುವ ಅಂತರಶಾಲಾ ಕೂಟಗಳನ್ನು ನಡೆಸುವುದೂ ಇದೇ ಲೀಗ್.

ಓದಿನ ವಿಚಾರದಲ್ಲೂ ಹುಡುಗ ಹೇಳಿದ್ದು ಸರಿ. ನಿಯಮಗಳು ರಾಜ್ಯದಿಂದ ರಾಜ್ಯಕ್ಕೆ, ಕೆಲವೊಮ್ಮೆ ನಗರದಿಂದ ನಗರಕ್ಕೆ ಬದಲಾಗುತ್ತವೆಯಾದರೂ, ನಿಗದಿತ ವಿಷಯಗಳಲ್ಲಿ ತೇರ್ಗಡೆಯಾಗದವನು ತಂಡದ ಪರವಾಗಿ ಸ್ಪರ್ಧಿಸುವಂತಿಲ್ಲ ಎಂಬುದು ಬಹುತೇಕ ಎಲ್ಲೆಡೆ ಇದೆ. ಟೆಕ್ಸಸ್ ರಾಜ್ಯ 1984ರಲ್ಲಿ ಇದನ್ನು ಕಾನೂನಾಗಿಯೇ ತಂದಿತು: 100ಕ್ಕೆ 70 ಅಂಕ ಬಾರದಿದ್ದರೆ ಪಂದ್ಯವಿಲ್ಲ. ಓದಿಗೆ ಇದು ಅಂಕುಶವೆಂದು ಕೆಲವರು ಮೆಚ್ಚಿದರೆ, ಶಾಲೆಗೆ ಬರಲು ಆಟವೊಂದೇ ಕಾರಣವಾಗಿರುವ ಹುಡುಗನಿಗೆ ಆ ಕಾರಣವನ್ನೂ ಕಿತ್ತುಕೊಂಡಂತಾಗುತ್ತದೆಂದು ಇನ್ನು ಕೆಲವರು ಆಕ್ಷೇಪಿಸುತ್ತಾರೆ. ಎರಡನೆಯ ಮಾತಿನಲ್ಲಿ ಹುರುಳಿದೆ ಎನ್ನಿಸುತ್ತದೆ. ಇದಲ್ಲದೆ ವೈದ್ಯಕೀಯ ತಪಾಸಣೆಯ ಪತ್ರವಿಲ್ಲದೆ ಅಭ್ಯಾಸಕ್ಕೂ ಸೇರಿಸಿಕೊಳ್ಳುವುದಿಲ್ಲ. ನಡುವೆ ಶಾಲೆ ಬದಲಿಸಿದವನು ಕೆಲಕಾಲ ಸ್ಪರ್ಧೆಯಿಂದ ಹೊರಗುಳಿಯಬೇಕಾಗಬಹುದಾದ್ದರಿಂದ, ನಿಮ್ಮ ಅಕ್ಕ ಮನೆ ಬದಲಿಸುವ ಮುನ್ನ ಶಾಲೆಯ ಕ್ರೀಡಾ ನಿರ್ದೇಶಕರನ್ನು ಒಂದು ಮಾತು ಕೇಳುವುದು ಒಳ್ಳೆಯದು.

ಇನ್ನು ಒಳ್ಳೆಯ ಓಟಗಾರನ ಮಾತು. ಬರ್ಲಿನ್‌ನಲ್ಲಿ 1936ರಲ್ಲಿ ನಾಲ್ಕು ಚಿನ್ನ ಗೆದ್ದ ಜೆಸ್ಸಿ ಓವೆನ್ಸ್ ಓದಿದ್ದು ಕ್ಲೀವ್‌ಲ್ಯಾಂಡ್ ನಗರದ ಸರ್ಕಾರಿ ಶಾಲೆಗಳಲ್ಲಿ. ಶಾಲೆ ಬಿಟ್ಟ ಮೇಲೆ ಆತ ದುಡಿಯಬೇಕಾಗಿದ್ದರಿಂದ, ಜೂನಿಯರ್ ಹೈಸ್ಕೂಲಿನ ಶಿಕ್ಷಕ ಚಾರ್ಲ್ಸ್ ರೈಲಿ ಬೆಳಿಗ್ಗೆ ತರಗತಿಗೆ ಮುಂಚೆಯೇ ಬಂದು ಅಭ್ಯಾಸ ಮಾಡಿಸುತ್ತಿದ್ದರು. 1933ರಲ್ಲಿ, ಈಸ್ಟ್ ಟೆಕ್ನಿಕಲ್ ಹೈಸ್ಕೂಲಿನ ವಿದ್ಯಾರ್ಥಿಯಾಗಿದ್ದಾಗಲೇ, ಓವೆನ್ಸ್ ಷಿಕಾಗೋದಲ್ಲಿ 100 ಗಜವನ್ನು 9.4 ಸೆಕೆಂಡಿನಲ್ಲಿ ಓಡಿ ವಿಶ್ವದಾಖಲೆಯನ್ನು ಸರಿಗಟ್ಟಿದರು. ಬ್ಯಾಸ್ಕೆಟ್‌ಬಾಲ್‌ನಲ್ಲೂ ಇಂಥ ಉದಾಹರಣೆಯಿದೆ. ಇಂಡಿಯಾನಾಪೊಲಿಸ್ ನಗರದಲ್ಲಿ ಕಪ್ಪು ವಿದ್ಯಾರ್ಥಿಗಳನ್ನು ಪ್ರತ್ಯೇಕವಾಗಿಡಲೆಂದೇ 1927ರಲ್ಲಿ ತೆರೆದ ಕ್ರಿಸ್ಪಸ್ ಅಟಕ್ಸ್ ಹೈಸ್ಕೂಲಿನ ಜಿಮ್ ಎಷ್ಟು ಚಿಕ್ಕದಿತ್ತೆಂದರೆ, ತಂಡ ತನ್ನ ಪಂದ್ಯಗಳನ್ನು ಬೇರೆಯವರ ಅಂಗಳದಲ್ಲೇ ಆಡಬೇಕಾಗಿತ್ತು. ಆಸ್ಕರ್ ರಾಬರ್ಟ್‌ಸನ್ ಇದ್ದ ಆ ತಂಡ 1955ರಲ್ಲಿ ರಾಜ್ಯ ಪ್ರಶಸ್ತಿ ಗೆದ್ದು, ಮರುವರ್ಷ ಒಂದೂ ಪಂದ್ಯ ಸೋಲದೆ ಅದನ್ನು ಉಳಿಸಿಕೊಂಡಿತು.

ಪ್ರಶ್ನೆ: ಈ ಶಾಲೆಗಳಲ್ಲಿ ಹೆಣ್ಣುಮಕ್ಕಳಿಗೂ ಸಮಾನ ಅವಕಾಶವಿದೆಯೇ?

ಉತ್ತರ: ಕಾನೂನಿನಲ್ಲಿದೆ, ಆದರೆ ಅದು ತಡವಾಗಿ ಬಂತು. ಮೇಲೆ ಹೇಳಿದ ಲೀಗ್ 1905ರಲ್ಲಿ ಬಾಲಕಿಯರ ಶಾಖೆಯನ್ನು ತೆರೆದರೂ ಅವರನ್ನು ಅಂತರಶಾಲಾ ಸ್ಪರ್ಧೆಗೆ ಬಿಡದೆ ಜನಪದ ನೃತ್ಯಕ್ಕೆ ಒತ್ತು ಕೊಟ್ಟಿತು. ಸರ್ಕಾರದ ನೆರವು ಪಡೆಯುವ ಶಿಕ್ಷಣ ಸಂಸ್ಥೆಗಳಲ್ಲಿ ಲಿಂಗಭೇದವನ್ನು ನಿಷೇಧಿಸಿದ ‘ಟೈಟಲ್ ನೈನ್’ ಬಂದದ್ದು 1972ರಲ್ಲಿ. ಅದಕ್ಕೆ ಮುಂಚಿನ ಶಾಲಾ ವರ್ಷದಲ್ಲಿ ದೇಶದ ಹೈಸ್ಕೂಲು ತಂಡಗಳಲ್ಲಿ ಮೂರು ಲಕ್ಷಕ್ಕೂ ಕಡಿಮೆ ಹುಡುಗಿಯರಿದ್ದರು. ಈಗ ಆ ಸಂಖ್ಯೆ 30 ಲಕ್ಷವನ್ನು ದಾಟಿದೆ. ಅಭ್ಯಾಸದ ಸಮಯವೂ ಈ ಕಾಯ್ದೆಯ ವ್ಯಾಪ್ತಿಗೆ ಬರುತ್ತದೆ. ಒಂದೇ ಜಿಮ್ ಇರುವ ಶಾಲೆಯಲ್ಲಿ ಹುಡುಗರ ತಂಡಕ್ಕೆ ಶಾಲೆ ಬಿಟ್ಟ ಕೂಡಲೇ ಜಾಗ ಕೊಟ್ಟು, ಹುಡುಗಿಯರನ್ನು ಪ್ರತಿದಿನವೂ ಕತ್ತಲಾಗುವವರೆಗೆ ಕಾಯಿಸಿದರೆ ತಾಯ್ತಂದೆಯರು ದೂರು ಕೊಡಬಹುದು.